ಬೇರೆಲ್ಲೂ ತೆರೆಯದ ನಕ್ಷೆ

"ತಲೆ ಕಡೆ ಎತ್ತಿ, ಕಾಲ ಕಡೆ ಇಳಿಸಿ! ಅಯ್ಯೋ, ಅದು ತಲೆ ಕಡೆ ಅಲ್ಲಪ್ಪಾ, ಇದು!" ಎಂದು ಮೆಟ್ಟಿಲ ಮೇಲಿಂದ ಕೆಳಗಿನ ಅಂಗಡಿಯ ದರ್ಜಿ ಕೂಗಿದ.

ಪೆಟ್ಟಿಗೆ ಖಾಲಿಯಾಗಿತ್ತು. ಖಾಲಿ ಪೆಟ್ಟಿಗೆಗೆ ತಲೆ ಯಾವುದು, ಕಾಲು ಯಾವುದು ಎಂದು ಕೆಳಗಿನ ತುದಿ ಹಿಡಿದಿದ್ದ ಜೀಪಿನ ಚಾಲಕನಿಗೆ ಹೊಳೆಯಲಿಲ್ಲ. ಮೆಟ್ಟಿಲು ತಿರುಗುವ ಮೂಲೆಯಲ್ಲಿ ಅದು ಗೋಡೆಗೂ ಕಂಬಿಗೂ ನಡುವೆ ಸಿಕ್ಕಿಕೊಂಡು, ಮೇಲಕ್ಕೂ ಬಾರದೆ ಕೆಳಕ್ಕೂ ಹೋಗದೆ ನಿಂತುಬಿಟ್ಟಿತ್ತು. ನಡುವೆ ಭುಜ ಕೊಟ್ಟು ನಿಂತವಳು ಚರಂಡಿ ಕಚೇರಿಯ ಎಂಜಿನಿಯರ್. ಕೂದಲ ಗಂಟಿಗೆ ಯಾವಾಗಲೂ ಒಂದು ಪೆನ್ಸಿಲ್ ಸಿಕ್ಕಿಸಿಕೊಂಡಿರುತ್ತಿದ್ದಳಾಗಿ ಅವಳಿಗೆ ಪೆನ್ಸಿಲ್ ಎಂದೇ ಹೆಸರು. ಆ ಹೆಸರಿಟ್ಟವರು ಈಗ ಮೇಲಿನ ಕೋಣೆಯಲ್ಲಿ ಬಿಳಿ ಹೊದಿಕೆ ಹೊದ್ದು ಮಲಗಿದ್ದರು.

"ಮಟ್ಟಣ್ಣ ಒಂದ್ಸಲ ಎದ್ದು ಬಂದು ಅಳತೆ ಹಿಡಿದು ಹೋಗಿದ್ರೆ ಚೆನ್ನಾಗಿತ್ತು," ಎಂದ ಚಾಲಕ, ಏದುಸಿರಿನ ನಡುವೆ.

"ಬಾಯಿ ಮುಚ್ಚೋ. ಸತ್ತೋರ ಮನೇಲಿ ತಮಾಷೆ ಮಾಡ್ತಾನೆ," ಎಂದು ದರ್ಜಿ ಗದರಿಸಿದ.

"ತಮಾಷೆ ಅಲ್ಲ ಗುರುವೇ. ನನ್ನ ಹೆಬ್ಬೆರಳು ಸಿಕ್ಕಾಕ್ಕೊಂಡಿದೆ."

ಪೆನ್ಸಿಲ್ ತಲೆಯೆತ್ತಿ ಮೂಲೆಯನ್ನು ನೋಡಿದಳು. "ಅಡ್ಡ ಹಿಡಿದ್ರೆ ಇದು ತಿರುಗಲ್ಲ. ನೆಟ್ಟಗೆ ನಿಲ್ಲಿಸಿದ್ರೆ ತಿರುಗುತ್ತೆ."

"ಈಗ ನಿಲ್ಲಿಸಬಹುದು. ಇಳಿಸೋವಾಗ? ಒಳಗೆ ಅವರಿರ್ತಾರಲ್ಲ. ನಿಲ್ಲಿಸೋಕಾಗುತ್ತಾ?"

"ಅವರನ್ನ ತೋಳಲ್ಲಿ ಎತ್ಕೊಂಡು ಇಳಿಸಿ, ಕೆಳಗೆ ಪೆಟ್ಟಿಗೇಲಿ ಮಲಗಿಸೋಣ."

ದರ್ಜಿ ಸ್ವಲ್ಪ ಹೊತ್ತು ಯೋಚಿಸಿದ. "ಹಾಗಾದ್ರೆ ಪೆಟ್ಟಿಗೆ ಮೇಲಕ್ಕೆ ಯಾಕೆ ತರ್ತಿದ್ದೀವಿ?"

ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆಮೇಲೆ ಪೆಟ್ಟಿಗೆಯನ್ನು ಬಂದ ದಾರಿಯಲ್ಲೇ ಕೆಳಗಿಳಿಸಿದರು.

ಮೇಲೆ ಬಾಗಿಲಲ್ಲಿ ಅಕ್ಕ ನಿಂತಿದ್ದರು. ಸತ್ತವರಿಗಿಂತ ಹಿರಿಯರು, ಒಡಹುಟ್ಟಿದವರು. ಆಸ್ಪತ್ರೆಯ ಬಟ್ಟೆಗಳಿಗೆ ಇಸ್ತ್ರಿ ಹಾಕುವ ಕೆಲಸದಲ್ಲಿ ಮುದುಕಿಯಾದವರು. ಅಕ್ಕ ತಮ್ಮ ಇಬ್ಬರಿಗೂ ಮದುವೆಯಾಗಿರಲಿಲ್ಲ. ಯಾಕಾಗಲಿಲ್ಲ ಎಂದು ಕೇಳುವಷ್ಟು ಹತ್ತಿರದವರೂ ಯಾರಿರಲಿಲ್ಲ.

"ಮುಖಕ್ಕೆ ಸೋಪು ಹಚ್ಕೊಂಡು ಕೂತಿದ್ದ," ಎಂದು ಅಕ್ಕ ಬಂದವರಿಗೆಲ್ಲ ಹೇಳಿದ ಮಾತನ್ನೇ ಮತ್ತೆ ಹೇಳಿದರು. "ಒಂದು ಕೆನ್ನೆ ಆಗಿತ್ತು, ಇನ್ನೊಂದು ಆಗಿರಲಿಲ್ಲ. ಕರೆದೆ. ಮಾತಾಡಲಿಲ್ಲ. ಅವನು ಕರೆದ್ರೆ ಮಾತಾಡೋನೇ ಅಲ್ಲ ಬಿಡಿ, ಅದಕ್ಕೇ ನಾನೂ ಒಳಗೆ ಹೋಗಿಬಿಟ್ಟೆ. ಆಮೇಲೆ ನೋಡಿದ್ರೆ ಸೋಪು ಒಣಗಿತ್ತು. ಉಳಿದ ಕೆನ್ನೆ ನಾನೇ ಮಾಡಿದೆ. ಹಾಗೇ ಕಳಿಸೋಕಾಗುತ್ತಾ?" ಎಂದರು.

ದೊಡ್ಡ ಎಂಜಿನಿಯರ್ ಬಂದಾಗ ಎಲ್ಲರೂ ಎದ್ದು ನಿಂತರು. ಮಟ್ಟಣ್ಣ ನಿವೃತ್ತರಾದ ಮೇಲೆ ಬೇರೆ ಊರಿಂದ ವರ್ಗವಾಗಿ ಬಂದವರು. ಗೆರೆ ಎಳೆದ ಹಾಗೆ ನೇರ ಮನುಷ್ಯ. ಸ್ವಂತ ಮಾವನ ಮನೆಯವರು ಕದ್ದು ಚರಂಡಿಗೆ ಸೇರಿಸಿದ್ದ ಪೈಪನ್ನು ತಾವೇ ಮುಂದೆ ನಿಂತು ಕತ್ತರಿಸಿಹಾಕಿ, ಹೆಂಡತಿಯ ಬಾಯಿಂದ ಇವತ್ತಿಗೂ ಬೈಸಿಕೊಳ್ಳುತ್ತಿದ್ದವರು ಎಂದು ಕಚೇರಿಯಲ್ಲಿ ಮಾತಿತ್ತು. ಅವರು ಸತ್ತವರ ಮುಂದೆ ಕೈಕಟ್ಟಿ ನಿಂತರು. ಆಮೇಲೆ ಅಕ್ಕನ ಕಡೆ ತಿರುಗಿ, "ಬಹಳ ಸಂಕಟ ಆಯ್ತಮ್ಮ," ಎಂದರು.

"ನಿಮ್ಮ ಜೀಪು ತಪ್ಪದೆ ಬರ್ತಿತ್ತು," ಎಂದರು ಅಕ್ಕ. "ಪ್ರತಿ ಮಂಗಳವಾರ. ಇವನು ಬೆಳಗ್ಗೇನೇ ಇಸ್ತ್ರಿ ಅಂಗಿ ಹಾಕ್ಕೊಂಡು ಕಿಟಕಿ ಹತ್ತಿರ ಕೂರ್ತಿದ್ದ. ಕೆಲಸ ಬಿಟ್ಟು ಇಷ್ಟು ವರ್ಷ ಆದ್ರೂ ಕಚೇರಿ ಇವನನ್ನ ಬಿಡಲಿಲ್ಲ. ಇವನಿಲ್ಲದೆ ಆ ಹಳೇ ಚರಂಡಿ ನಕ್ಷೆ ತೆಗೆಯೋರೇ ಇಲ್ಲ ಅಂತ ಕೆಳಗಿನ ಅಂಗಡಿಯವರಿಗೂ ಗೊತ್ತು."

"ಗೊತ್ತು, ಗೊತ್ತು," ಎಂದ ದರ್ಜಿ.

"ಒಂದು ಉಪಕಾರ ಮಾಡ್ತೀರಾ? ಅಲ್ಲಿ ಸುಡೋಕೆ ಮುಂಚೆ ಎರಡು ಮಾತಾಡೋಕೆ ಬಿಡ್ತಾರಂತೆ. ನೀವು ದೊಡ್ಡವರು. ಬೇರೆ ಯಾರಿಗೂ ಆಗದೇ ಇದ್ದ ಕೆಲಸ ಇವನು ಮಾಡ್ತಿದ್ದ ಅಂತ ಎಲ್ಲರ ಮುಂದೆ ಹೇಳಿಬಿಡಿ. ಅಷ್ಟು ಸಾಕು. ಇವನ ಬಗ್ಗೆ ಹೇಳೋಕೆ ಬೇರೆ ಏನೂ ಇಲ್ಲ."

ದೊಡ್ಡ ಎಂಜಿನಿಯರರ ದೃಷ್ಟಿ ಪೆನ್ಸಿಲ್ ಕಡೆ ಹೋಯಿತು. ಅವಳು ಕಿಟಕಿಯ ಆಚೆ ನೋಡುತ್ತಿದ್ದಳು.

*

ಕಚೇರಿಗೆ ಮೊದಲ ಕಂಪ್ಯೂಟರು ಬಂದ ಕಾಲಕ್ಕೆ ಅದರ ಜೊತೆ ಒಂದು ಆಡ್-ಆನ್ ಕೂಡ ಬಂದಿತ್ತು. ನಕ್ಷೆ ಬರೆಯುವ ದೊಡ್ಡ ಸಾಫ್ಟ್‌ವೇರಿಗೆ ಗೆರೆ ಎಳೆಯುವುದಷ್ಟೇ ಗೊತ್ತು. ಆ ಗೆರೆ ಪೈಪೋ, ಗೋಡೆಯೋ, ಬಟ್ಟೆ ಒಣಹಾಕುವ ಹಗ್ಗವೋ ಅದಕ್ಕೆ ಬೇಕಿಲ್ಲ. ಆಡ್-ಆನ್ ಅದರ ಮೇಲೆ ಕೂತು, ಇದು ಪೈಪು, ಇದರ ಅಗಲ ಇಷ್ಟು, ಆಳ ಇಷ್ಟು, ಇದರಲ್ಲಿ ನೀರು ಈ ಕಡೆಗೆ ಇಳಿಯುತ್ತದೆ ಎಂದು ತಿಳಿಸುತ್ತಿತ್ತು. ಎರಡು ಮ್ಯಾನ್‌ಹೋಲ್ ತೋರಿಸಿದರೆ ನಡುವೆ ತಾನೇ ಪೈಪು ಕೂರಿಸುತ್ತಿತ್ತು. ನೀರು ನಿಲ್ಲುವಂತಿದ್ದರೆ ಕೆಂಪಾಗಿ ತೋರಿಸುತ್ತಿತ್ತು. ಒಂದು ಬೀದಿಗೆ ಇಡೀ ವಾರ ಕೂತು ಹಾಕುತ್ತಿದ್ದ ಲೆಕ್ಕವನ್ನು ಊಟಕ್ಕೆ ಮುಂಚೆ ಮುಗಿಸಿಕೊಡುತ್ತಿತ್ತು. ಹೊಲಗಳಿಗೆ ಕೆರೆಯ ನೀರು ಬಿಡುವವನ ಹೆಸರನ್ನೇ ಹಿಡಿದು ಕಚೇರಿಯವರು ಅದಕ್ಕೆ ನೀರಗಂಟಿ ಎಂದು ಹೆಸರಿಟ್ಟರು. ಮಟ್ಟಣ್ಣ ಅದರ ಮುಂದೆ ಕೂತವರು ಮತ್ತೆ ಏಳಲಿಲ್ಲ. ಯಾರಾದರೂ ಎದುರು ಬಂದು ಚೆನ್ನಾಗಿದ್ದೀರಾ ಎಂದರೆ, "ಮಟ್ಟ ಎಷ್ಟು?" ಎಂದು ಕೇಳುವ ಮನುಷ್ಯ. ಬೇರೆ ಮಾತು ಬರುತ್ತಿರಲಿಲ್ಲ, ಮಟ್ಟಣ್ಣ ಎಂಬ ಹೆಸರು ಬಂದದ್ದೂ ಅದರಿಂದಲೇ.

ಆದರೆ ಬದನಿಕೆಯ ಬಾಳು ಮರವನ್ನು ನಂಬಿಕೊಂಡದ್ದು. ದೊಡ್ಡ ಸಾಫ್ಟ್‌ವೇರು ಹೊಸ ರೂಪ ಪಡೆದಾಗ ನೀರಗಂಟಿಗೆ ಅದರ ಮೇಲೆ ಕಾಲೂರಲು ಆಗಲಿಲ್ಲ. ಹೊಸದು ಮಾಡಿಕೊಡಿ ಎಂದು ಕೇಳೋಣವೆಂದರೆ ಅದನ್ನು ಮಾಡಿದವರು ಅಂಗಡಿ ಮುಚ್ಚಿಕೊಂಡು ಹೋಗಿದ್ದರು. ಮಟ್ಟಣ್ಣ ನಿವೃತ್ತರಾದ ವರ್ಷವೇ ಕಚೇರಿ ಹಳೆಯ ಯಂತ್ರಗಳನ್ನೆಲ್ಲ ಹೊರಗೆ ಹಾಕಿತು. ಅವರು ತಮ್ಮದನ್ನು ಕೇಳಿ ಪಡೆದು ಮನೆಗೆ ಹೊತ್ತುಕೊಂಡು ಹೋದರು.

ಆಮೇಲೆ ಊರಿನ ಹಳೆಯ ಬೀದಿಗಳಲ್ಲಿ ಒಂದೊಂದೇ ಪೈಪು ಒಡೆಯತೊಡಗಿತು. ಹಳೆಯ ನಕ್ಷೆಯನ್ನು ಹೊಸ ಕಂಪ್ಯೂಟರಿನಲ್ಲಿ ತೆರೆದರೆ ಪೈಪು ಇರಬೇಕಾದಲ್ಲೆಲ್ಲ ಖಾಲಿ ಚೌಕಗಳು. ಒಳಗೆ ಏನೋ ಇದೆ ಎಂದು ಗೊತ್ತಾಗುತ್ತಿತ್ತು, ಅದು ಏನೆಂದು ಗೊತ್ತಾಗುತ್ತಿರಲಿಲ್ಲ. ಇದನ್ನು ಬೇರೆ ಕಡೆ ತೆರೆಯುವ ಹಾಗೆ ಮಾಡಲು ದಾರಿ ಇದೆಯೇ ಎಂದು ಕಚೇರಿಯಿಂದ ಫೋನ್ ಮಾಡಿ ಕೇಳಿದಾಗ ಮಟ್ಟಣ್ಣ ಫೋನನ್ನು ಇನ್ನೊಂದು ಕಿವಿಗೆ ಬದಲಾಯಿಸಿಕೊಂಡರು.

"ಇಲ್ಲ," ಎಂದರು ಆಮೇಲೆ. "ಇಲ್ಲಿಗೆ ತಂದ್ರೆ ತೆಗೆದು ಕೊಡ್ತೀನಿ. ಮಂಗಳವಾರ ನನಗೆ ಬಿಡುವು."

ಅವರಿಗೆ ವಾರದ ಎಲ್ಲ ದಿನವೂ ಬಿಡುವೇ ಇತ್ತು.

ಹಾಗೆ ಕಚೇರಿಯಲ್ಲಿ ಹೊಸಬಳಾಗಿದ್ದ ಪೆನ್ಸಿಲ್ ಆ ಮನೆಗೆ ಬರತೊಡಗಿದಳು. ಮೊದಲ ಸಲ ಬಂದಾಗ ಅವಳೇ ಅಳೆದು ತಂದ ಒಂದು ಬೀದಿಯ ಮಟ್ಟಗಳನ್ನು, ನೆಲ ಸಮುದ್ರಕ್ಕಿಂತ ಎಷ್ಟು ಎತ್ತರ ಎಂಬುದನ್ನು, ನೀರಗಂಟಿಗೆ ಕೊಟ್ಟರು. ಪರದೆಯ ಮೇಲೆ ನೆಲ ಮೂಡಿತು. ಬೀದಿಯ ನಟ್ಟನಡುವೆ, ಸಮುದ್ರದ ಮಟ್ಟದವರೆಗೂ ಇಳಿದ ಒಂದು ಬಾವಿ.

"ಇದೇನಿದು?" ಎಂದಳು ಗಾಬರಿಯಿಂದ.

"ನೀನು ತೋಡಿದ್ದು," ಎಂದರು ಮಟ್ಟಣ್ಣ. ಅವರ ಮುಖದಲ್ಲಿ ನಗು ಕಾಣಿಸಿಕೊಳ್ಳಲು ದಾರಿ ಹುಡುಕುತ್ತಿತ್ತು. "ಒಂದು ಕಡೆ ಮಟ್ಟ ಬರೆಯೋದು ಮರೆತಿದ್ದೀಯ. ಇವನು ಎಲ್ಲ ಕೇಳ್ತಾನೆ, ಅಗಲ ಕೇಳ್ತಾನೆ, ಉದ್ದ ಕೇಳ್ತಾನೆ. ಮಟ್ಟ ಮಾತ್ರ ಕೇಳಲ್ಲ. ಖಾಲಿ ಬಿಟ್ರೆ ಸೊನ್ನೆ ಅಂದ್ಕೊಳ್ತಾನೆ. ಗೊತ್ತಿಲ್ಲ ಅನ್ನೋದಕ್ಕೂ ಸೊನ್ನೆ ಅನ್ನೋದಕ್ಕೂ ಇವನಿಗೆ ವ್ಯತ್ಯಾಸ ತಿಳಿಯಲ್ಲ."

"ಇಷ್ಟು ಪೆದ್ದನ್ನ ಇಟ್ಕೊಂಡು ಊರಿನ ಚರಂಡಿ ಮಾಡಿದ್ರಾ ಸರ್?"

"ಪೆದ್ದ ನಿಜ. ಆದ್ರೆ ಹೇಳಿದ್ದನ್ನ ಮರೆಯಲ್ಲ. ಹೇಳದೇ ಇದ್ದದ್ದನ್ನ ಮಾಡಲ್ಲ. ನಿಮ್ಮ ಹೊಸದು ಎಲ್ಲಾ ತಾನೇ ಊಹೆ ಮಾಡುತ್ತಂತಲ್ಲ? ಅದರ ಜೊತೆ ಕೂತು ನೀನು ಏನು ಮಾಡ್ತೀಯ?"

ಅವಳ ಕಚೇರಿಯಲ್ಲಿ ಎಲ್ಲರೂ ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಕೂರುತ್ತಿದ್ದರು. ಬೆಳಗ್ಗೆ ಹೋಗಿ ಸಂಜೆ ಬಾಡಿಗೆ ಕೋಣೆಗೆ ಮರಳುವವರೆಗೆ ಅವಳು ಬಾಯಿ ತೆರೆಯದ ದಿನಗಳಿದ್ದವು.

ಮುಂದಿನ ವಾರ ಬಂದಾಗ ಅವರ ಕುರ್ಚಿಯ ಪಕ್ಕದಲ್ಲಿ ಇನ್ನೊಂದು ಕುರ್ಚಿ ಇತ್ತು. ಅದರ ಒಂದು ಕಾಲು ಗಿಡ್ಡ. ಕೆಳಗೆ ಹಳೆಯ ನಕ್ಷೆಯ ಕಾಗದವನ್ನು ಮಡಿಸಿ ಕೊಟ್ಟು ಅಲುಗಾಡದ ಹಾಗೆ ಮಾಡಿದ್ದರು.

*

ಪೆಟ್ಟಿಗೆಯ ವ್ಯಾನು ಮುಂದೆ ಹೋಗುತ್ತಿತ್ತು. ಅಕ್ಕನೂ ದರ್ಜಿಯೂ ಅದರಲ್ಲಿದ್ದರು. ಹಿಂದಿನಿಂದ ಜೀಪು. ಚಾಲಕ ಒಂದು ಕೈಯ ಹೆಬ್ಬೆರಳನ್ನು ಬಾಯಲ್ಲಿಟ್ಟುಕೊಂಡು ಇನ್ನೊಂದು ಕೈಯಲ್ಲಿ ಓಡಿಸುತ್ತಿದ್ದ.

"ಹೊಸ ಸಾಫ್ಟ್‌ವೇರಿನ ಕಂಪನಿಯವನು ನಿನ್ನೆ ಬಂದಿದ್ದ," ಎಂದರು ದೊಡ್ಡ ಎಂಜಿನಿಯರ್. ಅವರು ಮುಂದಿನ ಗಾಜನ್ನೇ ನೋಡುತ್ತಿದ್ದರು. "ಇವರು ಹೋಗಿಬಿಟ್ರಲ್ಲ, ಹಳೇ ನಕ್ಷೆಗಳ ಗತಿ ಏನು ಅಂತ ಕೇಳಿದೆ. ಅವನು ನಕ್ಕ. ಆ ಆಡ್-ಆನ್‌ನಲ್ಲೇ ಒಂದು ಆದೇಶ ಇದೆಯಂತೆ. ಕೊಟ್ರೆ ಎಲ್ಲಾ ಬರೀ ಗೆರೆ ಆಗಿಬಿಡುತ್ತೆ, ಎಲ್ಲಿ ಬೇಕಾದ್ರೂ ತೆರೆಯುತ್ತೆ. ಒಂದು ಮಧ್ಯಾಹ್ನದ ಕೆಲಸ ಅಂದ."

ಹಿಂದಿನ ಸೀಟಿನಲ್ಲಿ ಪೆನ್ಸಿಲ್ ಕೂದಲ ಗಂಟು ಬಿಚ್ಚಿ ಮತ್ತೆ ಕಟ್ಟಿಕೊಂಡಳು.

"ನಿಮಗೆ ಗೊತ್ತಿತ್ತಾ?"

"ಬರೀ ಗೆರೆ ಆದ್ರೆ ಪೈಪಿಗೆ ತಾನು ಪೈಪು ಅನ್ನೋದು ಮರೆತುಹೋಗುತ್ತೆ ಸರ್. ಒಂದರ ಮಟ್ಟ ಬದಲಾಯಿಸಿದ್ರೆ ಮುಂದಿನದು ಬದಲಾಗಲ್ಲ."

"ನಮಗೆ ಬೇಕಾಗಿದ್ದದ್ದು ಎಲ್ಲಿ ಅಗೀಬೇಕು, ಎಷ್ಟು ಆಳ ಅಗೀಬೇಕು ಅನ್ನೋದಷ್ಟೇ. ಅದು ಪಕ್ಕದಲ್ಲಿ ಅಕ್ಷರದಲ್ಲಿ ಉಳಿಯುತ್ತಲ್ಲ?"

"ಉಳಿಯುತ್ತೆ."

"ನಿಮಗೆ ಗೊತ್ತಿತ್ತಾ ಅಂತ ಕೇಳಿದೆ."

"ಗೊತ್ತಿತ್ತು ಸರ್."

ಚಾಲಕ ಬಾಯಿಂದ ಹೆಬ್ಬೆರಳು ತೆಗೆದ. "ಹಾಗಾದ್ರೆ ಮಂಗಳವಾರ ನಾನು ಜೀಪಲ್ಲಿ ನಿದ್ದೆ ಹೊಡೆದಿದ್ದು ದಂಡ ಅಂತೀರಾ?" ಯಾರೂ ನಗಲಿಲ್ಲವಾಗಿ ಮತ್ತೆ ಬೆರಳು ಬಾಯಿಗಿಟ್ಟುಕೊಂಡ.

"ನನ್ನನ್ನ ಎಂಥಾ ಇಕ್ಕಟ್ಟಿಗೆ ಸಿಕ್ಕಿಸಿದಿರಿ ನೋಡಿ," ಎಂದರು ದೊಡ್ಡ ಎಂಜಿನಿಯರ್. ಅವರ ದನಿಯಲ್ಲಿ ಕೋಪಕ್ಕಿಂತ ಅಂಜಿಕೆ ಹೆಚ್ಚಾಗಿತ್ತು. "ಅವರ ಅಕ್ಕ ನನ್ನ ಬಾಯಲ್ಲಿ ಏನು ಕೇಳ್ತಿದ್ದಾರೆ ಗೊತ್ತಲ್ಲ? ಹೆಣದ ಮುಂದೆ ಸುಳ್ಳು ಹೇಳೋನಲ್ಲ ನಾನು. ಯಾರ ಮುಂದೂ ಹೇಳಿದೋನಲ್ಲ."

"ಸುಳ್ಳು ಬೇಡ ಸರ್. ನಿಜಾನೂ ಬೇಡ. ಬೇರೆ ಏನಾದ್ರೂ ಹೇಳಿ."

"ಹಾವೂ ಸಾಯಬಾರದು, ಕೋಲೂ ಮುರೀಬಾರದು ಅಂತ."

"ಹೂಂ ಸರ್. ಅವರ ಅಕ್ಕನಿಗೆ ಅದೊಂದೇ ಇರೋದು."

*

ಆ ಆದೇಶ ಪೆನ್ಸಿಲ್ ಕಣ್ಣಿಗೆ ಬಿದ್ದದ್ದು ಯಾವುದೋ ಒಂದು ಮಂಗಳವಾರ, ಮಟ್ಟಣ್ಣ ಮಾತ್ರೆ ತರಲು ಕೆಳಗಿಳಿದಿದ್ದಾಗ. ನೀರಗಂಟಿಯ ಮೆನು ಉದ್ದವಾಗಿತ್ತು. ಪರದೆಯ ಕೆಳಗಿನ ಅಂಚಿಗೆ ಬಂದು ಅರ್ಧ ಕಾಣದೆ ಉಳಿದ ಕೊನೆಯ ಸಾಲಿನಲ್ಲಿ 'ಬಿಡಿಸು' ಎಂದಿತ್ತು. ಏನಿರಬಹುದೆಂದು ಒಂದು ನಕ್ಷೆಯ ಪ್ರತಿ ಮಾಡಿ ಅದರ ಮೇಲೆ ಒತ್ತಿದಳು. ಪೈಪುಗಳು ಒಮ್ಮೆ ಮಿನುಗಿ ಗೆರೆಗಳಾದವು. ಪ್ರತಿಯನ್ನು ಕಚೇರಿಗೆ ಒಯ್ದು ತನ್ನ ಕಂಪ್ಯೂಟರಿನಲ್ಲಿ ತೆರೆದಳು. ಖಾಲಿ ಚೌಕಗಳಿರಲಿಲ್ಲ. ಇಡೀ ಬೀದಿ ತೆರೆದುಕೊಂಡಿತ್ತು.

ಅವಳು ಬಹಳ ಹೊತ್ತು ಅದನ್ನೇ ನೋಡುತ್ತ ಕೂತಿದ್ದಳು. ಅವಳ ಆಚೆ ಈಚೆ ಹೆಡ್‌ಫೋನಿನವರು ಕೂತಿದ್ದರು. ಕೊನೆಗೆ ಆ ಪ್ರತಿಯನ್ನು ಅಳಿಸಿಹಾಕಿದಳು.

ತನ್ನ ಕಂಪ್ಯೂಟರಿನಿಂದ ಅಳಿಸಿದಳು. ಅವರ ಯಂತ್ರದಲ್ಲಿ ಉಳಿದದ್ದು ನೆನಪಾಗಲಿಲ್ಲ. ನೀರಗಂಟಿಗೆ ಕೊನೆಯ ಸಲ ತೆರೆದ ನಕ್ಷೆಗಳ ಹೆಸರುಗಳನ್ನು ಮೊದಲೇ ತೋರಿಸುವ ಅಭ್ಯಾಸ. ಮುಂದಿನ ಮಂಗಳವಾರ ಮಟ್ಟಣ್ಣ ಯಂತ್ರ ಹಚ್ಚಿದಾಗ ಆ ಪ್ರತಿಯ ಹೆಸರು, ಪಕ್ಕದಲ್ಲಿ 'ಬಿಡಿಸಿದ್ದು' ಎಂಬ ಗುರುತಿನೊಂದಿಗೆ, ಎಲ್ಲಕ್ಕಿಂತ ಮೇಲಿತ್ತು. ಅವರು ಅದನ್ನು ನೋಡಿದರು. ಅವರು ನೋಡಿದ್ದನ್ನು ಅವಳು ನೋಡಿದಳು.

ಬಾಗಿಲ ಆಚೆ ಅಕ್ಕ ಚಹಾದ ಲೋಟ ಇಟ್ಟ ಸದ್ದಾಯಿತು. ಹಬೆ ಯಂತ್ರಕ್ಕೆ ಆಗದೆಂದು ಅವರನ್ನು ಒಳಗೆ ಬಿಡುತ್ತಿರಲಿಲ್ಲ.

ಮಟ್ಟಣ್ಣ ಕೈಗಳನ್ನು ತೊಡೆಯ ಮೇಲೆ ಇಟ್ಟುಕೊಂಡರು. ಕಿವಿಗಳು ಕೆಂಪಾಗಿದ್ದವು. ಶಾಲೆಯಲ್ಲಿ ಸಿಕ್ಕಿಬಿದ್ದ ಹುಡುಗನ ಹಾಗೆ, ಎದ್ದು ನಿಲ್ಲಬೇಕೋ ಕೂತಿರಬೇಕೋ ಎಂದು ತಿಳಿಯದವರ ಹಾಗೆ ಕಂಡರು.

ಪೆನ್ಸಿಲ್ ಚೀಲದಿಂದ ಇನ್ನೊಂದು ನಕ್ಷೆಯ ಡಿಸ್ಕ್ ತೆಗೆದಳು. "ಹಳೇ ಮಾರುಕಟ್ಟೆ ಬೀದಿ ಸರ್. ನಮ್ಮಲ್ಲಿ ತೆರೀತಾ ಇಲ್ಲ."

ಅವರು ತಿರುಗಿ ಅವಳ ಮುಖ ನೋಡಿದರು. ಅಷ್ಟು ದಿನಗಳಲ್ಲಿ ಅವರು ಅವಳ ಮುಖವನ್ನು ನೇರವಾಗಿ ನೋಡಿದ್ದು ಅದೊಂದೇ ಸಲ.

"ಕೊಡು," ಎಂದರು. ಆಮೇಲೆ, "ಮಟ್ಟ ಎಲ್ಲಾ ಬರೆದಿದ್ದೀಯಾ?" ಎಂದು ಕೇಳಿದರು.

*

ಚಿತಾಗಾರದ ಸಭಾಂಗಣದಲ್ಲಿ ಬೆಂಚುಗಳು ಸಾಲುಸಾಲಾಗಿದ್ದವು. ಬಂದವರೆಲ್ಲ ಒಂದೇ ಬೆಂಚಿನಲ್ಲಿ ಹಿಡಿಸುತ್ತಿದ್ದರು.

"ಒಬ್ಬೊಬ್ಬರು ಒಂದೊಂದು ಬೆಂಚಲ್ಲಿ ಕೂರೋಣ," ಎಂದು ದರ್ಜಿ ಪಿಸುಗುಟ್ಟಿದ. "ತುಂಬಿದ ಹಾಗೆ ಕಾಣುತ್ತೆ."

ಹಾಗೆಯೇ ಕೂತರು. ಅದರಿಂದ ಸಭಾಂಗಣ ಇನ್ನಷ್ಟು ಖಾಲಿಯಾಗಿ ಕಂಡಿತು. ಅಲ್ಲಿನ ಮೇಲ್ವಿಚಾರಕ ಬಂದು, ಪೆಟ್ಟಿಗೆಯ ಪಕ್ಕ ನಿಂತು, ಯಾರಾದರೂ ಎರಡು ಮಾತಾಡುವುದಿದ್ದರೆ ಆಡಬಹುದು ಎಂದ. ಅಕ್ಕ ತಿರುಗಿ ದೊಡ್ಡ ಎಂಜಿನಿಯರರನ್ನು ನೋಡಿದರು.

ಅವರು ಎದ್ದು ಮುಂದೆ ಬಂದರು. ಅಂಗಿಯ ಗುಂಡಿ ಸರಿಮಾಡಿಕೊಂಡರು.

"ನಾನು ಈ ಊರಿಗೆ ಬಂದಾಗಿನಿಂದ," ಎಂದರು, ಪ್ರತಿ ಮಾತನ್ನೂ ತಟ್ಟಿ ನೋಡಿ ಇಡುತ್ತ, "ಹಳೇ ನಕ್ಷೆ ಬೇಕಾದಾಗಲೆಲ್ಲ ಇವರ ಮನೆಗೇ ಕಳಿಸಿದ್ದೀವಿ. ಬೇರೆ ಯಾರ ಹತ್ತಿರಾನೂ ಕಳಿಸಿಲ್ಲ. ಇವರು ಒಂದು ದಿನಾನೂ ಆಗಲ್ಲ ಅಂದಿಲ್ಲ. ಕೊಟ್ಟ ಮಟ್ಟ ಯಾವುದೂ ತಪ್ಪಿಲ್ಲ. ಹಳೇ ಬೀದಿಗಳಲ್ಲಿ ನೀರು ನಿಲ್ಲದೆ ಹರೀತಾ ಇದೆ."

ಪೆನ್ಸಿಲ್ ಉಸಿರು ಬಿಟ್ಟಳು. ದೊಡ್ಡ ಎಂಜಿನಿಯರ್ ಬೆಂಚಿಗೆ ಮರಳಲು ತಿರುಗಿದರು.

"ಅದಲ್ಲ," ಎಂದರು ಅಕ್ಕ.

ಅವರು ನಿಂತರು.

"ನಾನು ಕೇಳಿದ್ದು ಅದಲ್ಲ. ಬೇರೆ ಯಾರಿಗೂ ಆಗ್ತಿರಲಿಲ್ಲ ಅನ್ನಿ."

"ಅಮ್ಮ..."

"ಒಂದು ಮಾತಲ್ವಾ? ಇವನು ಕೇಳಲಿ. ಹೋಗೋಕೆ ಮುಂಚೆ ಕೇಳಿಸ್ಕೊಂಡು ಹೋಗಲಿ."

ದೊಡ್ಡ ಎಂಜಿನಿಯರ್ ಪೆಟ್ಟಿಗೆಯನ್ನು ನೋಡಿದರು, ನೆಲ ನೋಡಿದರು, ತಮ್ಮ ಬೂಟು ನೋಡಿದರು. ಮಾವನ ಮನೆಯ ಮುಂದೆ ನಿಂತಿದ್ದಾಗಲೂ ಅವರು ಹೀಗೇ ನಿಂತಿದ್ದರೇನೋ.

"ಆಗ್ತಿತ್ತಮ್ಮ," ಎಂದರು.

ಮೇಲ್ವಿಚಾರಕ ಬೇರೆ ಕಡೆ ಮುಖ ಮಾಡಿದ.

"ಏನಂದ್ರಿ?"

"ಯಾರಿಗೆ ಬೇಕಾದ್ರೂ ಆಗ್ತಿತ್ತು. ನನಗೆ ನಿನ್ನೆ ಗೊತ್ತಾಯ್ತು. ನಿಮ್ಮ ತಮ್ಮನವರಿಗೆ ಮೊದಲಿಂದ ಗೊತ್ತಿತ್ತು. ಕ್ಷಮಿಸಿ. ನನಗೆ... ಕೇಳಿದ್ರೆ ಸುಳ್ಳು ಹೇಳೋಕೆ ಬರಲ್ಲ."

ಯಾವುದೋ ಬೆಂಚಿನಲ್ಲಿ ದರ್ಜಿ ಕೆಮ್ಮಿದ. ಅಕ್ಕನ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. ಇಸ್ತ್ರಿ ಹಾಕಿ ಹಾಕಿ ಗಟ್ಟಿಯಾದ ಕೈಗಳಿಂದ ಮಡಿಲ ಮೇಲಿನ ಕರವಸ್ತ್ರದ ಸುಕ್ಕನ್ನು ಒಂದು ಅಂಚಿನಿಂದ ಇನ್ನೊಂದು ಅಂಚಿಗೆ ಒತ್ತಿ ಒತ್ತಿ ತೆಗೆದರು.

"ಒಳಗೆ ಕಳಿಸಿ," ಎಂದರು ಮೇಲ್ವಿಚಾರಕನಿಗೆ.

*

ಮರಳಿ ಬಂದಾಗ ದರ್ಜಿ ಅಂಗಡಿಯ ಬಾಗಿಲು ಅರ್ಧ ತೆಗೆದು, ತೆಗೆಯಬಹುದೋ ಬಾರದೋ ಎಂದು ಹಾಗೇ ಬಿಟ್ಟ. ಅಕ್ಕ ಯಾರ ಕಡೆಗೂ ನೋಡದೆ ಮೆಟ್ಟಿಲು ಹತ್ತಿ ಹೋದರು.

"ಹೇಳಬಾರದಿತ್ತು," ಎಂದರು ದೊಡ್ಡ ಎಂಜಿನಿಯರ್.

"ಹೇಳ್ಬಿಟ್ರಲ್ಲ ಸರ್."

"ನಾನು ಹೋಗಿ ಮಾತಾಡಲಾ?"

"ಬೇಡ. ನೀವು ಮಾತಾಡಬೇಡಿ." ಹಾಗೆಂದ ಮೇಲೆ ಪೆನ್ಸಿಲ್‌ಗೆ ತಾನು ಯಾರಿಗೆ ಹಾಗೆ ಹೇಳಿದೆ ಎಂದು ಹೊಳೆಯಿತು. ಅವರು ತಪ್ಪು ತಿಳಿಯಲಿಲ್ಲ. ಜೀಪಿನಲ್ಲಿ ಹೋಗಿ ಕೂತರು. ಹೋಗು ಎಂದು ಚಾಲಕನಿಗೆ ಹೇಳಲಿಲ್ಲ.

ಮೇಲೆ ಅಕ್ಕ ಬಚ್ಚಲ ಮುಂದೆ ನಿಂತು ತಮ್ಮನ ಸೋಪಿನ ಬಟ್ಟಲು ತೊಳೆಯುತ್ತಿದ್ದರು. ಅವಳು ಬಂದದ್ದು ಗೊತ್ತಾದರೂ ತಿರುಗಲಿಲ್ಲ.

"ನಿನಗೂ ಗೊತ್ತಿತ್ತಾ?"

"ಗೊತ್ತಿತ್ತಮ್ಮ."

"ಎಷ್ಟು ದಿನದಿಂದ?"

"ಬಹಳ ದಿನ ಆಯ್ತು."

"ನಾನು ಪೆದ್ದಿ, ಊರಿಗೆಲ್ಲ ಹೇಳ್ಕೊಂಡು ಬಂದೆ." ನೀರು ನಿಲ್ಲಿಸಿದರು. "ಅವನು ಸುಳ್ಳು ಹೇಳಿದ ಅಂದ್ರೆ ನನಗೆ ನಂಬಿಕೆ ಬರಲ್ಲ ಕಣೇ. ಚಿಕ್ಕವನಿದ್ದಾಗ್ಲೂ ಹೇಳ್ತಿರಲಿಲ್ಲ. ಸುಳ್ಳು ಹೇಳೋಕೆ ಎದುರಿಗೆ ಒಬ್ಬರಾದ್ರೂ ಬೇಕಲ್ಲ."

ಪೆನ್ಸಿಲ್ ಬಾಗಿಲ ಚೌಕಟ್ಟಿಗೆ ಒರಗಿ ನಿಂತಳು.

"ಅವನಿಗೆ ಗೊತ್ತಿತ್ತಾ, ನಿನಗೆ ಗೊತ್ತು ಅಂತ?"

"ಗೊತ್ತಿತ್ತು."

"ಮತ್ತೆ?"

"ಮತ್ತೇನಿಲ್ಲ. ಇಬ್ಬರೂ ಹೇಳಲಿಲ್ಲ."

ಅಕ್ಕ ಈಗ ತಿರುಗಿದರು. ಬಟ್ಟಲಿನಿಂದ ನೀರು ಅವರ ಮೊಣಕೈವರೆಗೆ ಇಳಿಯುತ್ತಿತ್ತು. "ಇಲ್ಲಿ ಕೆಲಸ ಇಲ್ಲ ಅಂತ ಗೊತ್ತಿದ್ದೂ ಯಾಕೆ ಬರ್ತಿದ್ದೆ?"

ಅವಳಿಗೆ ಅನೇಕ ಉತ್ತರಗಳು ಹೊಳೆದವು. ಒಂದೊಂದನ್ನೂ ಬಿಟ್ಟಳು. "ಸುಮ್ನೆ," ಎಂದಳು.

"ಸುಮ್ನೆನಾ?"

"ಹೂಂ."

"ಮೀಟರ್ ನೋಡೋನು ಬರ್ತಾನೆ, ಬಾಡಿಗೆಯವನು ಬರ್ತಾನೆ, ನಲ್ಲಿ ರಿಪೇರಿಯವನು ಕರೆದ್ರೆ ಬರ್ತಾನೆ," ಎಂದರು ಅಕ್ಕ ನಿಧಾನವಾಗಿ. "ನಾನು ಬುದ್ಧಿ ಬಂದಾಗಿನಿಂದ ನೋಡಿದ್ದೀನಿ. ನಮ್ಮನೆಗೆ ಯಾರೂ ಸುಮ್ನೆ ಬಂದೋರಿಲ್ಲ."

ಬಟ್ಟಲನ್ನು ಕವುಚಿ ಇಟ್ಟರು. ಕೈ ಒರೆಸಿಕೊಂಡರು. ಎಷ್ಟು ಒರೆಸಿದರೂ ಒಣಗದ ಹಾಗೆ ಒರೆಸಿಕೊಳ್ಳುತ್ತಲೇ ಇದ್ದರು. ಕೊನೆಗೆ, "ಒಳ್ಳೇ ಕಳ್ಳರು ಸಿಕ್ಕಿದ್ರಿ ಇಬ್ಬರೂ," ಎಂದು ಬಟ್ಟೆಯಿಂದ ಮುಖ ಮುಚ್ಚಿಕೊಂಡರು. ಅಳುತ್ತಿದ್ದಾರೋ ನಗುತ್ತಿದ್ದಾರೋ ಪೆನ್ಸಿಲ್‌ಗೆ ತಿಳಿಯಲಿಲ್ಲ. ಹತ್ತಿರ ಹೋಗುವುದು ಹೇಗೆಂದು ಅವಳಿಗೆ ಗೊತ್ತಾಗಲಿಲ್ಲ. ಆ ಮನೆಯಲ್ಲಿ ಯಾರೂ ಯಾರ ಹತ್ತಿರವೂ ಹೋದದ್ದನ್ನು ಅವಳು ನೋಡಿರಲಿಲ್ಲ.

"ನನಗೆ ಅವನು ಒಂದು ದಿನಾನೂ ತೋರಿಸಲಿಲ್ಲ," ಎಂದರು ಅಕ್ಕ ಬಟ್ಟೆಯ ಹಿಂದಿನಿಂದ. "ಒಳಗೆ ಏನು ಮಾಡ್ತಿದ್ದ ಅಂತ. ತೋರಿಸು."

ಪೆನ್ಸಿಲ್ ಕೋಣೆಗೆ ಹೋಗಿ ಯಂತ್ರ ಹಚ್ಚಿದಳು. ಅದು ಮುದುಕರು ಏಳುವ ಹಾಗೆ ನರಳಿಕೊಂಡು ಎದ್ದಿತು. ಅಕ್ಕ ಬಾಗಿಲ ಹೊರಗೇ ನಿಂತಿದ್ದರು.

"ಒಳಗೆ ಬನ್ನಿಮ್ಮ."

"ಬರಬಹುದಾ?" ಎಂದು ಕೇಳಿ, ಒಳಗೆ ಬಂದು, ತಮ್ಮನ ಕುರ್ಚಿಯ ಅಂಚಿನಲ್ಲಿ ಕೂತರು.

ಕಪ್ಪು ಪರದೆಯ ಮೇಲೆ ನೀರಗಂಟಿ ಬೀದಿಗಳನ್ನು ಎಳೆಯತೊಡಗಿತು. ಹೊಸ ಸಾಫ್ಟ್‌ವೇರುಗಳ ಹಾಗೆ ಎಲ್ಲವನ್ನೂ ಒಮ್ಮೆಲೇ ಚೆಲ್ಲುವುದಿಲ್ಲ ಅದು. ಒಂದು ಮ್ಯಾನ್‌ಹೋಲ್, ಒಂದು ಪೈಪು, ಮುಂದಿನ ಮ್ಯಾನ್‌ಹೋಲ್, ಮುಂದಿನ ಪೈಪು. ನೀರು ಹರಿಯುವ ಕಡೆಗೇ ಗೆರೆಯೂ ಹರಿಯಿತು. ಅಕ್ಕ ಬಾಯಿ ಸ್ವಲ್ಪ ತೆರೆದು ನೋಡಿದರು.

"ಇದು ಯಾವುದು?"

"ಇದು ಶಾಲೆ ಬೀದಿ. ಇದು ನಿಮ್ಮ ಆಸ್ಪತ್ರೆ ಹಿಂದಿನ ಓಣಿ. ಇಲ್ಲಿ ತಿರುಗುತ್ತಲ್ಲ, ಇದು ಈ ಬೀದಿ."

"ನಮ್ಮನೆ ಎಲ್ಲಿ?"

"ಮನೆಗಳು ಇದರಲ್ಲಿ ಬರಲ್ಲಮ್ಮ. ಇದಕ್ಕೆ ಪೈಪು, ಮ್ಯಾನ್‌ಹೋಲ್ ಎರಡೇ ಗೊತ್ತು."

"ಊರೆಲ್ಲ ಇದೆ, ಮನೆ ಇಲ್ವಾ?"

ಪೆನ್ಸಿಲ್ ಹತ್ತಿರದಿಂದ ನೋಡಿದಳು. ಬೀದಿಯ ಪೈಪಿನಿಂದ ಪಕ್ಕಕ್ಕೆ ಒಂದು ಗಿಡ್ಡ ಗೆರೆ ಹೊರಟು, ಸ್ವಲ್ಪ ದೂರ ಹೋಗಿ ನಿಂತಿತ್ತು. ಮುಂದೆಂದಾದರೂ ಯಾರಾದರೂ ಸೇರಿಸಿಕೊಳ್ಳಲಿ ಎಂದು ಪ್ರತಿ ಮನೆಯ ಎದುರಿಗೂ ಬಿಡುವ ತುಂಡು ಪೈಪು. ಅದರ ಆಚೆ ಏನೂ ಇರಲಿಲ್ಲ.

"ಇದು ನಿಮ್ಮದು," ಎಂದಳು. "ಇಲ್ಲಿವರೆಗೆ."

ಅಕ್ಕ ಮುಂದೆ ಬಾಗಿ, ಆ ಗೆರೆ ನಿಂತ ಕಡೆ, ಮನೆ ಇರಬೇಕಾಗಿದ್ದ ಬರಿಯ ಕಪ್ಪು ಗಾಜಿನ ಮೇಲೆ ಬೆರಳಿಟ್ಟರು. ಹಳೆಯ ಗಾಜು ಸಣ್ಣಗೆ ಚಟಗುಟ್ಟಿತು. ಅವರು ಬೆರಳು ತೆಗೆಯಲಿಲ್ಲ. ಮುಂದಿನ ಬೀದಿ ಎಳೆಯಲೇ ಎಂದು ನೀರಗಂಟಿ ಪರದೆಯ ಕೆಳಗೆ ಕೇಳಿ, ಉತ್ತರಕ್ಕಾಗಿ ಮಿನುಗುತ್ತ ಕಾಯತೊಡಗಿತು. ಪೆನ್ಸಿಲ್ ಕೀಲಿಮಣೆಯಿಂದ ಕೈ ಹಿಂದಕ್ಕೆ ತೆಗೆದುಕೊಂಡಳು.